ಸೈನ್ಯದಿಂದ ಬಂದ ಮೇಲೆ ಲೆಸ್ಟರ್ ಯಂಗ್ ಮುಗಿದೇ ಹೋದರಾ?

"ಲೆಸ್ಟರ್ ಯಂಗ್ ಚೆನ್ನಾಗಿ ನುಡಿಸಿದ್ದೆಲ್ಲ 1944ಕ್ಕೆ ಮುಂಚೆ. ಆಮೇಲೆ ಸೈನ್ಯ ಅವರನ್ನು ಹಾಳು ಮಾಡಿತಂತೆ, ಹೌದಾ?" ಅಮೆರಿಕದ ಜಾಜ್ ಟೆನರ್ ಸ್ಯಾಕ್ಸೊಫೋನ್ ವಾದಕ ಯಂಗ್ ನುಡಿಸುತ್ತಿದ್ದ ಕೌಂಟ್ ಬೇಸಿ ಬ್ಯಾಂಡಿನ ಬಗ್ಗೆ ಏನೇ ಬರೆದರೂ ಈ ಪ್ರಶ್ನೆ ಬಂದೇ ಬರುತ್ತದೆ. ಎಷ್ಟು ಸಲ ಹೇಳಲಿ? ಹಾಳಾಗಲಿಲ್ಲ.

ಅವರು ಪಟ್ಟ ಪಾಡು ಸುಳ್ಳಲ್ಲ. ಸೈನ್ಯಕ್ಕೆ ಸೇರಿಸಿಕೊಂಡವರು ಅಲ್ಲಿನ ಬ್ಯಾಂಡಿಗೆ ಹಾಕಲಿಲ್ಲ, ಸಾಮಾನ್ಯ ಸೈನಿಕನಾಗಿ ಇಟ್ಟರು. 1945ರಲ್ಲಿ ಮಾದಕ ವಸ್ತು ಇಟ್ಟುಕೊಂಡಿದ್ದಕ್ಕೆ ಅಲಬಾಮಾದಲ್ಲಿ ಕೋರ್ಟ್ ಮಾರ್ಷಲ್ ಆಯಿತು. ಆಮೇಲೆ ಜಾರ್ಜಿಯಾದ ಸೈನಿಕ ಜೈಲಿನಲ್ಲಿ ತಿಂಗಳುಗಟ್ಟಲೆ ಕಳೆದರು. ಆದರೆ ಮನುಷ್ಯ ನೊಂದ ಅಂದಮಾತ್ರಕ್ಕೆ ಅವನ ಕಲೆಯೂ ಸತ್ತಿತು ಅಂತ ತೀರ್ಮಾನಿಸಿದರೆ ಹೇಗೆ? ಸ್ವಲ್ಪ ಕಿವಿ ಕೊಟ್ಟು ಕೇಳಬೇಕಲ್ವಾ?

ಅವರ ದನಿ ದಪ್ಪಗಾಗಿದ್ದು, ನಡೆ ನಿಧಾನವಾಗಿದ್ದು ನಿಜ. ಆದರೆ ಅದು ಸೈನ್ಯಕ್ಕೂ ಮೊದಲೇ ಶುರುವಾಗಿತ್ತು. 1943ರ ಡಿಸೆಂಬರಿನಲ್ಲಿ ಕೀನೋಟ್ ಕಂಪನಿಗೆ ಮಾಡಿದ ರೆಕಾರ್ಡಿಂಗ್ ಹಾಕಿ ನೋಡಿ, ಅಲ್ಲೇ ಸಿಗುತ್ತದೆ. ಇನ್ನು ಜೈಲಿನಿಂದ ಹೊರಬಂದ 1945ರಲ್ಲೇ 'ಡಿ.ಬಿ. ಬ್ಲೂಸ್' ನುಡಿಸಿದರು. ಹೆಸರು ಅದೇ ಜೈಲಿನದ್ದು ('ಡಿ.ಬಿ.' ಅಂದರೆ ಡಿಟೆನ್ಷನ್ ಬ್ಯಾರಕ್ಸ್, ಸೈನಿಕ ಜೈಲು), ಸಂಗೀತದಲ್ಲಿ ಮಾತ್ರ ಎಂಥ ಲವಲವಿಕೆ! 1946ರಲ್ಲಿ ನ್ಯಾಟ್ ಕಿಂಗ್ ಕೋಲ್ ಪಿಯಾನೋ, ಬಡ್ಡಿ ರಿಚ್ ಡ್ರಮ್ಸ್ ಜತೆ ಮೂರೇ ಜನ ಸೇರಿ ಮಾಡಿದ್ದನ್ನು ಕೇಳಿದ ಯಾರೂ 'ಮುಗಿದುಹೋದರು' ಅನ್ನಲಾರರು. 50ರ ದಶಕದಲ್ಲಿ ಕುಡಿತ ಜಾಸ್ತಿಯಾಗಿ ದೇಹ ಸೋತಿತು, ಕೆಲವು ರಾತ್ರಿ ನುಡಿಸಿದ್ದು ಸಪ್ಪೆಯೇ. ಆದರೂ 1955ರ ಕೊನೆಗೆ ಆಸ್ಪತ್ರೆ ಸೇರಿ ಚೇತರಿಸಿಕೊಂಡವರು 1956ರ ಜನವರಿಯಲ್ಲಿ ಪಿಯಾನೋ ವಾದಕ ಟೆಡ್ಡಿ ವಿಲ್ಸನ್ ಜತೆ ಅದ್ಭುತವಾಗಿ ನುಡಿಸಿದರು. 1959ರಲ್ಲಿ ತೀರಿಕೊಂಡಾಗ ಅವರಿಗಿನ್ನೂ 49 ವರ್ಷ.

ಇದಕ್ಕಿಂತ ನೀವು ಕೇಳಬೇಕಾದ ಪ್ರಶ್ನೆ ಬೇರೆ ಇದೆ: ಮೊದಲಿನ ಆ ಹಗುರ ದನಿ ಎಲ್ಲಿಂದ ಬಂತು? ಬಿಳಿಯ ವಾದಕ ಫ್ರಾಂಕಿ ಟ್ರಂಬಾವರ್ ಅವರಿಂದ ಅಂತ ಯಂಗ್ ಅವರೇ ಹೇಳಿದ್ದಾರೆ. ಟ್ರಂಬಾವರ್ ನುಡಿಸುತ್ತಿದ್ದದ್ದು ಟೆನರಿಗಿಂತ ಸ್ವಲ್ಪ ಚಿಕ್ಕದಾದ ಸಿ-ಮೆಲೊಡಿ ಸ್ಯಾಕ್ಸೊಫೋನ್. ಆ ಗುಣವನ್ನು ಯಂಗ್ ಟೆನರಿಗೆ ತಂದರು. 1934ರಲ್ಲಿ ಟೆನರ್ ವಾದಕ ಕೋಲ್ಮನ್ ಹಾಕಿನ್ಸ್ ಬಿಟ್ಟ ಜಾಗಕ್ಕೆ ಫ್ಲೆಚರ್ ಹೆಂಡರ್ಸನ್ ಬ್ಯಾಂಡ್ ಸೇರಿದಾಗ ಈ ಹಗುರ ದನಿಯೇ ತೊಂದರೆಯಾಯಿತು. ಎಲ್ಲರಿಗೂ ಹಾಕಿನ್ಸರ ತುಂಬು ದನಿಯೇ ಬೇಕು. ಹೆಂಡರ್ಸನ್ ಅವರ ಹೆಂಡತಿ ಹಾಕಿನ್ಸರ ರೆಕಾರ್ಡ್ ಹಾಕಿ ಹಾಕಿ ಕೇಳಿಸಿದರು. ಯಂಗ್ ಬದಲಾಗಲಿಲ್ಲ. ಕೆಲವೇ ತಿಂಗಳಲ್ಲಿ ಬ್ಯಾಂಡ್ ಬಿಟ್ಟರು, ತಮ್ಮನ್ನು ಕೆಲಸದಿಂದ ತೆಗೆದಿಲ್ಲ ಅಂತ ಹೆಂಡರ್ಸನ್ ಕೈಯಲ್ಲಿ ಪತ್ರ ಬರೆಸಿಕೊಂಡೇ ಹೊರಟರು.