ಲೈಬ್ರರಿಯ ಪಕ್ಕದಲ್ಲಿರುವ ಫೈಲುಗಳು

ಕೆಲವು ವರ್ಷಗಳ ಹಿಂದೆ ಬರವಣಿಗೆಯ ತಂತ್ರಾಂಶವೊಂದಕ್ಕೆ ವ್ಯಾಕರಣ ಪರೀಕ್ಷೆಯನ್ನು ಜೋಡಿಸುವ ಕೆಲಸದಲ್ಲಿದ್ದೆ. ಹೊಸ ವರ್ಷನ್ ಬಿಡುಗಡೆಯಾಗಿ ಹತ್ತು ದಿನವಾದರೂ ಒಂದು ದೂರೂ ಬರಲಿಲ್ಲ. ಅದಕ್ಕೆ ಮುಂಚೆ ದಿನಕ್ಕೊಬ್ಬರಾದರೂ "ಸರಿಯಾದ ವಾಕ್ಯಕ್ಕೆ ಗೆರೆ ಎಳೆಯುತ್ತಿದೆ" ಎಂದು ಬರೆಯುತ್ತಿದ್ದರು. ತಂಡದಲ್ಲಿ ಎಲ್ಲರಿಗೂ ಸಮಾಧಾನ. ಹನ್ನೊಂದನೆಯ ದಿನ ಬಳಕೆದಾರರೊಬ್ಬರು ಬೇಕೆಂದೇ ತಪ್ಪು ವಾಕ್ಯ ಟೈಪ್ ಮಾಡಿ ನೋಡಿದ್ದರು. "ಗೆರೆಯೇ ಬರುತ್ತಿಲ್ಲವಲ್ಲ?" ಎಂದು ಕೇಳಿದರು.

ಇನ್‌ಸ್ಟಾಲರ್ ಕಟ್ಟುವಾಗ ಡಿಕ್ಷನರಿಯ ಫೋಲ್ಡರ್ ಬಿಟ್ಟುಹೋಗಿತ್ತು. ಪರೀಕ್ಷೆ ನಡೆಸುವ ಸಿದ್ಧ ಕೋಡ್, ಅಂದರೆ ಲೈಬ್ರರಿ, ತನ್ನ ಜಾಗದಲ್ಲಿತ್ತು, ಸರಿಯಾಗಿ ಲೋಡ್ ಆಗುತ್ತಿತ್ತು. ಡಿಕ್ಷನರಿ ತೆರೆಯುವ ಫಂಕ್ಷನ್ ಮಾತ್ರ ಏನೂ ಸಿಗದೆ ಬರಿಗೈಯಲ್ಲಿ ವಾಪಸ್ ಬರುತ್ತಿತ್ತು. ನಾನು ಬರೆದ ಕೋಡ್ ಅದನ್ನು ಕಂಡು ಸದ್ದಿಲ್ಲದೆ ಪರೀಕ್ಷೆಯನ್ನೇ ಆಫ್ ಮಾಡುತ್ತಿತ್ತು. ಹತ್ತು ದಿನ ಜನ ತಮ್ಮ ಬರವಣಿಗೆಯಲ್ಲಿ ತಪ್ಪೇ ಇಲ್ಲವೆಂದು ನಂಬಿ ಕಳಿಸಿಬಿಟ್ಟಿದ್ದರು. ಆ ಸಂಗತಿ ನನ್ನನ್ನು ಇವತ್ತಿಗೂ ಕಾಡುತ್ತದೆ. ವ್ಯಾಕರಣ ಪರೀಕ್ಷಕ ಎಂದರೆ ಆ ಲೈಬ್ರರಿಯಲ್ಲ, ಅದರ ಪಕ್ಕದಲ್ಲಿರುವ ಫೈಲುಗಳು ಎಂಬುದು ನನಗೆ ಮನದಟ್ಟಾದದ್ದು ಅಂದೇ.

ಇಂಥ ಪ್ಯಾಕೇಜ್ ಬಿಚ್ಚಿದರೆ ಮೂರು ಬಗೆಯ ಫೈಲುಗಳು ಕಾಣುತ್ತವೆ. ಒಂದು, ಕಂಪೈಲ್ ಆದ ಲೈಬ್ರರಿ: ವಿಂಡೋಸ್‌ನಲ್ಲಿ ಡಿಎಲ್‌ಎಲ್, ಲಿನಕ್ಸ್‌ನಲ್ಲಿ ಎಸ್‌ಒ. ಎರಡು, ಹೆಡರ್ ಫೈಲ್. ಆ ಲೈಬ್ರರಿಯನ್ನು ಬಳಸಿ ಪ್ರೋಗ್ರಾಂ ಬರೆಯುವವರಿಗೆ ಮಾತ್ರ ಇದು ಬೇಕು, ಓಡಿಸುವವರಿಗೆ ಬೇಡ. ಆದ್ದರಿಂದಲೇ ಲಿನಕ್ಸ್ ವಿತರಣೆಗಳು ಇದನ್ನು ಬೇರೆ ಡೆವಲಪ್‌ಮೆಂಟ್ ಪ್ಯಾಕೇಜಿನಲ್ಲಿ ಇಡುತ್ತವೆ. ಮೂರನೆಯದು ಡೇಟಾ: ಡಿಕ್ಷನರಿ, ಪ್ರತ್ಯಯಗಳ ಪಟ್ಟಿ, ನಿಯಮಗಳು. ಮೊದಲೆರಡಕ್ಕೂ ಯಾವ ಭಾಷೆಯೂ ಗೊತ್ತಿಲ್ಲ. ಗೊತ್ತಿರುವುದೆಲ್ಲ ಮೂರನೆಯದರಲ್ಲಿ, ಅದೂ ಹೆಚ್ಚಾಗಿ ಸಾದಾ ಟೆಕ್ಸ್ಟ್ ರೂಪದಲ್ಲಿ, ಯಾರು ಬೇಕಾದರೂ ತೆರೆದು ಓದುವಂತೆ ಇರುತ್ತದೆ.

ಲಿಂಕ್ ಗ್ರಾಮರ್ ಎಂಬ ಪಾರ್ಸರನ್ನೇ, ಅಂದರೆ ವಾಕ್ಯದ ರಚನೆಯನ್ನು ಬಿಡಿಸಿ ನೋಡುವ ತಂತ್ರಾಂಶವನ್ನೇ ನೋಡಿ. ಕಾರ್ನೆಗಿ ಮೆಲನ್ ವಿಶ್ವವಿದ್ಯಾಲಯದಲ್ಲಿ ಡೇನಿಯಲ್ ಸ್ಲೀಟರ್ ಮತ್ತು ಡೇವಿ ಟೆಂಪರ್ಲಿ ಇದರ ವಿವರಣೆಯನ್ನು 1991ರಲ್ಲಿ ಪ್ರಕಟಿಸಿದರು. ಸಿ ಭಾಷೆಯಲ್ಲಿ ಬರೆದ ಲೈಬ್ರರಿ ಇದು. ಅಬಿವರ್ಡ್ ಎಂಬ ವರ್ಡ್ ಪ್ರೊಸೆಸರ್ ತನ್ನ ವ್ಯಾಕರಣ ಪರೀಕ್ಷೆಗೆ ಇದನ್ನೇ ಬಳಸಿಕೊಂಡಿತು. ಇದರಲ್ಲಿ ಪ್ರತಿ ಪದಕ್ಕೂ ಎಡಕ್ಕೋ ಬಲಕ್ಕೋ ಚಾಚಿದ ಕೊಂಡಿಗಳಿರುತ್ತವೆ. 'ದ' ಎಂಬ ಇಂಗ್ಲಿಷ್ ಪದಕ್ಕೆ ಬಲಕ್ಕೆ ಒಂದು ಕೊಂಡಿ. 'ಕ್ಯಾಟ್' ಪದಕ್ಕೆ ಎಡಕ್ಕೆ ಅದನ್ನು ಹಿಡಿಯುವ ಕೊಂಡಿ, ಜೊತೆಗೆ ಬಲಕ್ಕೆ ಕರ್ತೃವಿನ ಕೊಂಡಿ ಅಥವಾ ಎಡಕ್ಕೆ ಕರ್ಮದ ಕೊಂಡಿ. 'ಚೇಸ್ಡ್' ಎಂಬ ಕ್ರಿಯಾಪದ ಎಡಕ್ಕೆ ಕರ್ತೃವನ್ನೂ ಬಲಕ್ಕೆ ಕರ್ಮವನ್ನೂ ಕೇಳುತ್ತದೆ. ಕೊಂಡಿಗಳನ್ನು ಕೂಡಿಸುವ ಗೆರೆಗಳು ಒಂದನ್ನೊಂದು ಅಡ್ಡ ಹಾಯಬಾರದು, ಯಾವ ಪದವೂ ಒಂಟಿಯಾಗಿ ಉಳಿಯಬಾರದು. ಈ ಎರಡು ಷರತ್ತಿಗೆ ಒಪ್ಪುವಂತೆ ಎಲ್ಲ ಕೊಂಡಿಗಳೂ ಕೂಡಿದರೆ ವಾಕ್ಯ ಸರಿ. ಹಾಗೆ ಕೂಡುವ ದಾರಿಯನ್ನು ಹುಡುಕುವುದಷ್ಟೇ ಲೈಬ್ರರಿಯ ಕೆಲಸ. ಯಾವ ಪದಕ್ಕೆ ಯಾವ ಕೊಂಡಿ ಎಂಬುದು 4.0.ಡಿಕ್ಟ್ ಎಂಬ ಟೆಕ್ಸ್ಟ್ ಫೈಲಿನಲ್ಲಿದೆ. ಪ್ರತ್ಯಯಗಳನ್ನೂ ವಿರಾಮಚಿಹ್ನೆಗಳನ್ನೂ ಬಿಡಿಸುವುದಕ್ಕೆ ಇನ್ನೊಂದು, ಡಿಕ್ಷನರಿಯಲ್ಲಿಲ್ಲದ ಪದ ಬಂದರೆ ಅದರ ಆಕಾರ ನೋಡಿ ವರ್ಗ ಊಹಿಸುವುದಕ್ಕೆ ಮತ್ತೊಂದು ಫೈಲ್ ಪಕ್ಕದಲ್ಲಿವೆ. ರಷ್ಯನ್ ಬೇಕಾದರೆ ಅದೇ ಲೈಬ್ರರಿಗೆ ಬೇರೆ ಫೋಲ್ಡರ್ ತೋರಿಸಿದರಾಯಿತು.

ಕಾಗುಣಿತ ಪರೀಕ್ಷಿಸುವ ಹನ್‌ಸ್ಪೆಲ್ ಎಂಬ ಲೈಬ್ರರಿಯದೂ ಇದೇ ಕಥೆ. ಲಾಸ್ಲೊ ನೇಮೆತ್ ಇದನ್ನು ಮೊದಲು ಕಟ್ಟಿದ್ದು ಹಂಗೇರಿಯನ್ ಭಾಷೆಗಾಗಿ, ಅಂದರೆ ಕನ್ನಡದಂತೆಯೇ ಪದಕ್ಕೆ ಪ್ರತ್ಯಯದ ಮೇಲೆ ಪ್ರತ್ಯಯ ಅಂಟಿಸುವ ಭಾಷೆಗಾಗಿ. ಇವತ್ತು ಲಿಬ್ರೆಆಫೀಸ್, ಫೈರ್‌ಫಾಕ್ಸ್, ಕ್ರೋಮ್ ಎಲ್ಲದರಲ್ಲೂ ಅದಿದೆ. ಪ್ರತಿ ಭಾಷೆಗೂ ಎರಡು ಫೈಲ್. ಡಿಕ್ (.dic) ಫೈಲಿನಲ್ಲಿ ಪದಗಳು; ಮೊದಲ ಸಾಲಿನಲ್ಲಿ ಅವುಗಳ ಅಂದಾಜು ಸಂಖ್ಯೆ, ಆಮೇಲೆ ಸಾಲಿಗೊಂದು ಪದ, ಓರೆಗೆರೆ, ಅದರಾಚೆ ಗುರುತು. ಆಫ್ (.aff) ಫೈಲಿನಲ್ಲಿ ಆಯಾ ಗುರುತಿಗೆ ಯಾವ ಪ್ರತ್ಯಯಗಳು ಎಂಬ ವಿವರ.

ಈ ಆಫ್ ಫೈಲಿನಲ್ಲಿ ಕನ್ನಡದ ದ್ವಿತೀಯಾ ವಿಭಕ್ತಿಯೊಂದನ್ನು ಬರೆಯುವುದಕ್ಕೆ ಎಷ್ಟು ಯೋಚನೆ ಬೇಕು ಎಂಬುದನ್ನು ಕೂತು ಬರೆದವರಷ್ಟೇ ಬಲ್ಲರು. ಪ್ರತ್ಯಯ 'ಅನ್ನು'. ಊರು, ಅನ್ನು ಸೇರಿ ಊರನ್ನು. ಫೈಲಿನಲ್ಲಿ ಇದನ್ನು ಹೇಳುವ ರೀತಿ ಹೀಗೆ: ಕೊನೆಯ ಉಕಾರದ ಚಿಹ್ನೆಯನ್ನು ಕಳೆ, 'ನ್ನು' ಸೇರಿಸು. 'ಅನ್ನು' ಎಂದು ಬರೆದರೆ ಕೆಟ್ಟಿತು. ಉಕಾರದ ಚಿಹ್ನೆ ಹೋದೊಡನೆ ಉಳಿಯುವ 'ರ' ತನ್ನೊಳಗೇ ಅಕಾರವನ್ನು ಇಟ್ಟುಕೊಂಡಿದೆ. ಅದೇ ಚತುರ್ಥಿಗೆ ಬಂದರೆ 'ಊರಿಗೆ'. ಇಲ್ಲಿ ಸೇರಿಸಬೇಕಾದದ್ದು ಬರಿಯ ಇಕಾರದ ಚಿಹ್ನೆ ಮತ್ತು 'ಗೆ'. ಆಸರೆಯ ವ್ಯಂಜನವಿಲ್ಲದ ಆ ಚಿಹ್ನೆಯ ಪಕ್ಕ ಎಡಿಟರ್ ಒಂದು ಚುಕ್ಕಿಚುಕ್ಕಿಯ ವೃತ್ತ ತೋರಿಸುತ್ತದೆ. ಹೊಸಬರು ಅದನ್ನು ತಪ್ಪೆಂದು ತಿಳಿದು ಅಳಿಸಿಬಿಡುವುದನ್ನು ಕಂಡಿದ್ದೇನೆ. ಅದು ತಪ್ಪಲ್ಲ, ಹಾಗೆಯೇ ಇರಬೇಕು.

ಇಷ್ಟಾದ ಮೇಲೆ 'ಕರು' ಬರುತ್ತದೆ. ಇದೂ 'ರು' ಎಂದೇ ಮುಗಿಯುತ್ತದೆ. ಊರಿನ ನಿಯಮ ಹಚ್ಚಿದರೆ 'ಕರನ್ನು' ಆಗುತ್ತದೆ, ಆಗಬೇಕಾದದ್ದು 'ಕರುವನ್ನು'. ಪದದ ಕೊನೆಯನ್ನಷ್ಟೇ ನೋಡುವ ಷರತ್ತಿನಿಂದ ಇವೆರಡನ್ನು ಬೇರೆ ಮಾಡಲಾಗದು. ಶಾಲೆಯಲ್ಲಿ ನಾವು ಕಲಿತದ್ದನ್ನು ನೆನಪಿಸಿಕೊಳ್ಳಿ: ಸ್ವರದ ಮುಂದೆ ಸ್ವರ ಬಂದಾಗ ಅರ್ಥ ಕೆಡದಿದ್ದರೆ ಲೋಪಸಂಧಿ, ಕೆಡುವಂತಿದ್ದರೆ ಆಗಮಸಂಧಿ. 'ಅರ್ಥ ಕೆಡದಿದ್ದರೆ' ಎಂಬ ಆ ಮಾತನ್ನು ಯಾವ ಲೈಬ್ರರಿಯೂ ಪರೀಕ್ಷಿಸಲಾರದು. ಅರ್ಥ ಕೆಡುತ್ತದೆಯೋ ಇಲ್ಲವೋ ಎಂಬುದನ್ನು ಭಾಷೆ ಬಲ್ಲವರೊಬ್ಬರು ಕೂತು, ಕರು, ಮಗು, ಹಸು, ಗುರು, ವಸ್ತು ಎಂದು ಒಂದೊಂದೇ ಪದಕ್ಕೆ ಗುರುತು ಹಾಕುತ್ತಾ ಹೋಗಬೇಕು. ಆ ಗುರುತುಗಳೇ ಪರೀಕ್ಷಕದ ಬುದ್ಧಿ. ಸಾವಿರಾರು ಸಾಲುಗಳ ಇಂಥ ಫೈಲ್ ಕಂಡಾಗ ನನಗೆ ಅದನ್ನು ಬರೆದವರ ಬಗ್ಗೆ ನಿಜವಾದ ಗೌರವ ಮೂಡುತ್ತದೆ. ಕೋಡ್ ಬರೆದವರ ಹೆಸರು ಎಲ್ಲರಿಗೂ ಗೊತ್ತಿರುತ್ತದೆ, ಗುರುತು ಹಾಕಿದವರ ಹೆಸರು ಎಷ್ಟೋ ಸಲ ಫೈಲಿನ ತಲೆಯಲ್ಲೂ ಇರುವುದಿಲ್ಲ.

ಹನ್‌ಸ್ಪೆಲ್ ಪದದ ಕೊನೆಯಿಂದ ಎರಡು ಪದರ ಪ್ರತ್ಯಯವನ್ನು ಬಿಡಿಸಬಲ್ಲದು. 'ಮನೆಗಳಲ್ಲಿದ್ದವರಿಗೂ' ಎಂಬ ಪದದಲ್ಲಿ ಮನೆ, ಗಳು, ಅಲ್ಲಿ, ಇದ್ದ, ಅವರು, ಗೆ, ಊ ಎಲ್ಲ ಇವೆ. ಎರಡು ಪದರದಲ್ಲಿ ಇದನ್ನು ಹಿಡಿಸಬೇಕಾದರೆ ಹಲವು ಪ್ರತ್ಯಯಗಳನ್ನು ಮೊದಲೇ ಕೂಡಿಸಿ ಒಂದೊಂದು ಸಾಲಾಗಿ ಬರೆದಿಡಬೇಕು, ಫೈಲ್ ಊದಿಕೊಳ್ಳುತ್ತದೆ. ಫಿನ್ನಿಶ್ ಭಾಷೆಗೂ ಇದೇ ಕಷ್ಟ. ಕಿಮ್ಮೊ ಕೊಸ್ಕೆನ್ನಿಯೆಮಿ 1983ರಲ್ಲಿ ಪದರಚನೆಯನ್ನು ಎರಡು ಸ್ತರಗಳ ನಿಯಮಗಳಾಗಿ ಬರೆದು ಯಂತ್ರಕ್ಕೆ ಕೊಡುವ ವಿಧಾನವನ್ನು ಮುಂದಿಟ್ಟರು. ಒಂದು ಸ್ತರದಲ್ಲಿ 'ಊರು, ಅನ್ನು', ಇನ್ನೊಂದರಲ್ಲಿ 'ಊರನ್ನು', ನಡುವೆ ಸಂಧಿ. ಹೊಸದಾಗಿ ಶುರುಮಾಡುವವರು ನನ್ನನ್ನು ಕೇಳಿದರೆ ಕನ್ನಡದಂಥ ಭಾಷೆಗೆ ಈ ದಾರಿಯನ್ನೇ ಹಿಡಿಯಿರಿ ಎನ್ನುತ್ತೇನೆ, ಮೊದಲ ಕೆಲವು ತಿಂಗಳು ಕಷ್ಟವಾದರೂ ಸರಿ.

ಇನ್ನು ನಿಯಮಗಳ ಫೈಲ್. ಡೇನಿಯಲ್ ನಾಬರ್ ತಮ್ಮ 2003ರ ಪದವಿ ಪ್ರಬಂಧದಿಂದ ಬೆಳೆಸಿದ ಲ್ಯಾಂಗ್ವೇಜ್‌ಟೂಲ್, ಲಿಂಕ್ ಗ್ರಾಮರಿಗೆ ತಿರುಗುಮುರುಗಾದ ದಾರಿ ಹಿಡಿಯಿತು. ವಾಕ್ಯ ಪೂರ್ತಿ ಸರಿಯಿದೆ ಎಂದು ಸಾಧಿಸುವ ಗೊಡವೆಗೆ ಅದು ಹೋಗುವುದಿಲ್ಲ. ಜನ ಸಾಮಾನ್ಯವಾಗಿ ಮಾಡುವ ತಪ್ಪುಗಳ ಮಾದರಿಗಳನ್ನು ಎಕ್ಸ್‌ಎಂಎಲ್ ಫೈಲಿನಲ್ಲಿ ಒಂದೊಂದಾಗಿ ಬರೆದಿಟ್ಟು, ಅವು ಕಂಡಲ್ಲಿ ಮಾತ್ರ ಗೆರೆ ಎಳೆಯುತ್ತದೆ. ಮಾದರಿ ಬರೆಯದ ತಪ್ಪು ಅದರ ಕಣ್ಣಿಗೆ ಬೀಳುವುದಿಲ್ಲ. ಆದರೂ ದಿನನಿತ್ಯ ಬರೆಯುವವರಿಗೆ ಇದೇ ಮೇಲು ಎಂಬುದು ನನ್ನ ಅನುಭವ. ಪೂರ್ತಿ ಪಾರ್ಸಿಂಗ್ ಮಾಡುವ ಲೈಬ್ರರಿಯಲ್ಲಿ ವಾಕ್ಯ ಕೂಡದೆ ಹೋಗುವುದಕ್ಕೆ ಬರೆದವರ ತಪ್ಪೇ ಕಾರಣವಾಗಬೇಕಿಲ್ಲ. ಪದಕ್ಕೆ ಸಲ್ಲಬೇಕಾದ ಕೊಂಡಿಯನ್ನು ಡಿಕ್ಷನರಿ ಬರೆದವರು ಮರೆತಿರಬಹುದು. ವಾಕ್ಯ ಉದ್ದವಾದಂತೆ ಲಿಂಕ್ ಗ್ರಾಮರಿನ ಕೆಲಸ ಪದಗಳ ಸಂಖ್ಯೆಯ ಘನದ ಲೆಕ್ಕದಲ್ಲಿ ಏರುತ್ತದೆ; ಪದ ಎರಡರಷ್ಟಾದರೆ ಕೆಲಸ ಎಂಟರಷ್ಟು. ಟೈಪ್ ಮಾಡುತ್ತಿರುವವರನ್ನು ಕಾಯಿಸಬಾರದೆಂದು ನಾವು ಸಮಯದ ಮಿತಿ ಹಾಕಿರುತ್ತೇವೆ, ಅದು ಮುಗಿದರೂ ಉತ್ತರ ಸಿಗುವುದಿಲ್ಲ. ಕೂಡಿತು, ಕೂಡಲಿಲ್ಲ, ಸಮಯ ಸಾಲಲಿಲ್ಲ, ಈ ಮೂರನ್ನೂ ಬೇರೆಬೇರೆಯಾಗಿ ನೋಡಬೇಕು. ಮೂರನೆಯದಕ್ಕೆ ಗೆರೆ ಎಳೆಯುವುದು ಬರೆದವರಿಗೆ ಮಾಡುವ ಅನ್ಯಾಯ.

ಕನ್ನಡಕ್ಕಾಗಿ ನಾನು ಬರೆದ ಮೊದಲ ನಿಯಮಗಳಲ್ಲಿ ಒಂದು ಹೀಗಿತ್ತು: ಕರ್ತೃ ಏಕವಚನ, ಕ್ರಿಯಾಪದ ಬಹುವಚನ, ಆದ್ದರಿಂದ ತಪ್ಪು. 'ಹುಡುಗ ಬಂದರು' ಎಂಬುದನ್ನು ಅದು ಚೆನ್ನಾಗಿ ಹಿಡಿಯಿತು. ಮಾರನೆಯ ದಿನ ಒಬ್ಬರು ಒಂದು ವಾಕ್ಯ ಕಳಿಸಿದರು: 'ಅಮ್ಮ ಬಂದರು'. ಅದರ ಕೆಳಗೆ ಗೆರೆ. "ನಾನು ಅಮ್ಮನಿಗೆ ಗೌರವ ಕೊಟ್ಟದ್ದು ತಪ್ಪೇ?" ಎಂದು ಕೇಳಿದ್ದರು. 'ಅಮ್ಮ ಬಂದಳು' ಸರಿ, 'ಅಮ್ಮ ಬಂದರು' ಕೂಡ ಸರಿ. ಯಾವುದು ಎಂಬುದು ಆ ಮನೆಯ ಮಾತಿಗೆ ಬಿಟ್ಟದ್ದು. ಗೌರವಕ್ಕೆ ಪಾತ್ರರಾದವರ ಪಟ್ಟಿ ಮಾಡಿ ನಿಯಮದಿಂದ ಬಿಡೋಣವೆಂದು ಹೊರಟೆ. ಅಜ್ಜ, ಮಾವ, ಗುರು, ವೈದ್ಯ ಎಂದು ಬೆಳೆಯುತ್ತಾ ಹೋಯಿತು. ವ್ಯಕ್ತಿಗಳ ಹೆಸರುಗಳ ಹತ್ತಿರ ಬಂದಾಗ ಕೈಬಿಟ್ಟೆ. ನಿಯಮವನ್ನೇ ತೆಗೆದುಹಾಕಿದೆ. 'ಅವನು ಬಂದಳು' ಎಂಬಂಥ, ಸರ್ವನಾಮವೇ ಲಿಂಗವನ್ನು ಹೇಳಿಬಿಡುವ ಕಡೆ ಮಾತ್ರ ಹೊಂದಾಣಿಕೆಯ ನಿಯಮ ಉಳಿಸಿಕೊಂಡೆ. ಹತ್ತು ತಪ್ಪು ತಪ್ಪಿಸಿಕೊಂಡು ಹೋದರೂ ಅಷ್ಟು ಕೆಡುಕಾಗದು. ಸರಿಯಾದ ಒಂದು ವಾಕ್ಯಕ್ಕೆ ಗೆರೆ ಬಿದ್ದರೆ, ತನ್ನ ಭಾಷೆಯ ಬಗ್ಗೆ ಅಷ್ಟು ಭರವಸೆಯಿಲ್ಲದವರು ಅದನ್ನು ನಂಬಿ ತಿದ್ದಿಬಿಡುತ್ತಾರೆ.

ಗೆರೆ ಎಲ್ಲಿ ಬೀಳಬೇಕು ಎಂಬುದೂ ಸುಲಭದ ಮಾತಲ್ಲ. 'ಕನ್ನಡ' ಎಂದು ಓದುವವರಿಗೆ ಮೂರು ಅಕ್ಷರ. ಯೂನಿಕೋಡ್‌ನಲ್ಲಿ ಕ, ನ, ವಿರಾಮ (ಅಕಾರವನ್ನು ತೆಗೆಯುವ ಚಿಹ್ನೆ), ನ, ಡ ಎಂದು ಐದು ಸಂಕೇತ. ಸಂಕೇತಗಳನ್ನು ಬೈಟುಗಳಾಗಿ ಬರೆದಿಡುವ ಯುಟಿಎಫ್-8ರಲ್ಲಿ ಪ್ರತಿ ಸಂಕೇತಕ್ಕೆ ಮೂರರಂತೆ 15 ಬೈಟ್. ಲೈಬ್ರರಿ ಬೈಟ್ ಲೆಕ್ಕದಲ್ಲಿ ಜಾಗ ಹೇಳಿ, ಎಡಿಟರ್ ಅದನ್ನು ಸಂಕೇತಗಳ ಲೆಕ್ಕವೆಂದು ತಿಳಿದರೆ ಗೆರೆ ಎರಡು ವಾಕ್ಯದಾಚೆ ಹೋಗಿ ಬೀಳುತ್ತದೆ. ಇಂಗ್ಲಿಷ್‌ನಲ್ಲಷ್ಟೇ ಟೆಸ್ಟ್ ಮಾಡಿದವರಿಗೆ ಇದು ಗೊತ್ತೇ ಆಗುವುದಿಲ್ಲ, ಅಲ್ಲಿ ಒಂದಕ್ಕೊಂದು ಸಮ. ಇನ್ನೊಂದು ತೊಡಕು ಕಣ್ಣಿಗೇ ಕಾಣದು. 'ಕೊ' ಎಂಬುದನ್ನು ಒಕಾರದ ಒಂದೇ ಚಿಹ್ನೆಯಾಗಿ ಟೈಪ್ ಮಾಡಬಹುದು, ಎಕಾರ ಮತ್ತು ಊಕಾರದ ಚಿಹ್ನೆಗಳೆರಡನ್ನು ಜೋಡಿಸಿಯೂ ಮಾಡಬಹುದು. ತೆರೆಯ ಮೇಲೆ ಎರಡೂ ಒಂದೇ. ಡಿಕ್ಷನರಿಗೆ ಅವು ಬೇರೆ ಪದಗಳು. 'ಸಾಫ್ಟ್‌ವೇರ್' ಬರೆಯುವಾಗ ನಡುವೆ ಕೂರುವ, ಅಗಲವೇ ಇಲ್ಲದ ಆ ಸಂಕೇತವನ್ನು ಕೆಲವರು ಹಾಕುತ್ತಾರೆ, ಕೆಲವರು ಹಾಕುವುದಿಲ್ಲ. ಪಠ್ಯವನ್ನೂ ಡಿಕ್ಷನರಿಯನ್ನೂ ಒಂದೇ ರೂಪಕ್ಕೆ ತಂದುಕೊಂಡ ಮೇಲೆಯೇ ಹೋಲಿಸಬೇಕು. ಹನ್‌ಸ್ಪೆಲ್‌ನ ಆಫ್ ಫೈಲಿನಲ್ಲಿ ಇದಕ್ಕೆಂದೇ ಒಳಬರುವ ಅಕ್ಷರಗಳನ್ನು ಬದಲಿಸುವ ಸಾಲುಗಳನ್ನು ಬರೆಯುವ ಅವಕಾಶವಿದೆ. ಅದನ್ನು ಬಳಸಿಕೊಂಡ ದಿನ ನಮಗೆ ಬರುತ್ತಿದ್ದ "ಸರಿಯಾದ ಪದಕ್ಕೆ ಕೆಂಪು ಗೆರೆ" ದೂರುಗಳಲ್ಲಿ ಒಂದು ದೊಡ್ಡ ಪಾಲು ನಿಂತೇಹೋಯಿತು.

ಲೈಸೆನ್ಸ್ ವಿಷಯ ಒಂದೇ ಮಾತಿನಲ್ಲಿ: ಲೈಬ್ರರಿಯದು ಬೇರೆ, ಡಿಕ್ಷನರಿಯದು ಬೇರೆ ಇರಬಹುದು, ಎರಡನ್ನೂ ಓದಿ.

ಡೇಟಾ ಫೈಲುಗಳನ್ನು ನಾನೀಗ ಕೋಡ್‌ನಂತೆಯೇ ನಡೆಸಿಕೊಳ್ಳುತ್ತೇನೆ. ಕೋಡ್ ಇರುವ ರೆಪೊಸಿಟರಿಯಲ್ಲೇ ಅವೂ ಇರುತ್ತವೆ, ವರ್ಷನ್ ನಂಬರ್ ಇರುತ್ತದೆ, ಬದಲಾವಣೆಯನ್ನು ಇನ್ನೊಬ್ಬರು ಓದದೆ ಸೇರಿಸುವುದಿಲ್ಲ. ಆ ಇನ್ನೊಬ್ಬರು ಪ್ರೋಗ್ರಾಮರ್ ಆಗಿರಬೇಕಿಲ್ಲ, ಭಾಷೆ ಚೆನ್ನಾಗಿ ಬಲ್ಲವರಾದರೆ ಸಾಕು. ತಂತ್ರಾಂಶ ಶುರುವಾದಾಗ ಗೊತ್ತಿರುವ ಒಂದು ತಪ್ಪು ವಾಕ್ಯವನ್ನು ಲೈಬ್ರರಿಗೆ ಕೊಟ್ಟು ನೋಡುತ್ತದೆ. ಗೆರೆ ಬರದಿದ್ದರೆ ಕಿಟಕಿಯ ಕೆಳಗೆ "ವ್ಯಾಕರಣ ಪರೀಕ್ಷೆ ನಡೆಯುತ್ತಿಲ್ಲ" ಎಂದು ತೋರಿಸುತ್ತದೆ. ಆ ಹತ್ತು ದಿನ ಮತ್ತೆ ಬರಬಾರದು.

ಇದಲ್ಲದೆ, ಗೆರೆ ಬೀಳಲೇಬಾರದ ವಾಕ್ಯಗಳ ಫೈಲೊಂದನ್ನು ಇಟ್ಟುಕೊಂಡಿದ್ದೇನೆ. ಯಾರಾದರೂ ಸರಿಯಾದ ವಾಕ್ಯಕ್ಕೆ ಗೆರೆ ಬಂತೆಂದು ಬರೆದರೆ ಅದು ಅಲ್ಲಿ ಹೊಸ ಸಾಲಾಗಿ ಸೇರುತ್ತದೆ. ನಿಯಮ ಬದಲಾದಾಗಲೆಲ್ಲ ಇಡೀ ಫೈಲ್ ಓಡುತ್ತದೆ, ಒಂದಕ್ಕೆ ಗೆರೆ ಬಿದ್ದರೂ ಬಿಡುಗಡೆ ನಿಲ್ಲುತ್ತದೆ. ಅದರ ಮೊದಲ ಸಾಲು 'ಅಮ್ಮ ಬಂದರು'.