ತಟ್ಟೆ ಬಡಿದು ಕಿವಿ ಪರೀಕ್ಷೆ ಮಾಡಬೇಡಿ

ಚಿಕ್ಕಬಳ್ಳಾಪುರದಲ್ಲಿ ಮಕ್ಕಳ ಕಿವಿ, ಮಾತು ಪರೀಕ್ಷಿಸುವ ನನ್ನ ಕೋಣೆಗೆ ಮಗುವನ್ನು ಕರೆತರುವವರು ಕುರ್ಚಿಯಲ್ಲಿ ಕೂರುವ ಮೊದಲೇ ಒಂದು ತೀರ್ಪು ಕೊಟ್ಟುಬಿಡುತ್ತಾರೆ. "ಮೇಡಂ, ಕಿವಿ ಚೆನ್ನಾಗೇ ಕೇಳಿಸುತ್ತೆ. ಹಿಂದಿನಿಂದ ತಟ್ಟೆ ಬಡಿದು ನೋಡಿದೀವಿ, ತಿರುಗಿದ. ಮಾತೊಂದು ಬರಬೇಕು, ಅಷ್ಟೇ." ದತ್ತು ತಂದುಕೊಂಡವರಾದರೆ ಇದಕ್ಕೆ ಇನ್ನೊಂದು ಮಾತು ಸೇರಿರುತ್ತದೆ: "ಆಶ್ರಮದಲ್ಲಿದ್ದ ಮಗು ಅಲ್ವಾ, ಯಾರೂ ಮಾತಾಡಿಸಿರಲ್ಲ. ಪ್ರೀತಿ ಸಿಕ್ಕಿದರೆ ತಾನಾಗೇ ಬರುತ್ತೆ."

ಈ ಎರಡು ಮಾತು ಒಟ್ಟಿಗೆ ಸೇರಿದಾಗ ಕೆಲವು ಮಕ್ಕಳ ಒಂದೂವರೆ, ಎರಡು ವರ್ಷ ಹಾಗೇ ಹೋಗುತ್ತದೆ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ದತ್ತು ಪಡೆಯುವ ವಿಧಾನ ನನ್ನ ವಿಷಯವಲ್ಲ. ಪೋರ್ಟಲ್‌ನಲ್ಲಿ ನೋಂದಣಿ, ಗೃಹ ಅಧ್ಯಯನ, ಜಿಲ್ಲಾಧಿಕಾರಿಗಳ ಆದೇಶ, ಇವನ್ನೆಲ್ಲ ಜಿಲ್ಲಾ ಮಕ್ಕಳ ರಕ್ಷಣಾ ಘಟಕದವರು ನನಗಿಂತ ಚೆನ್ನಾಗಿ ಹೇಳುತ್ತಾರೆ. ವಿಶೇಷ ಅಗತ್ಯವುಳ್ಳ ಮಗುವೇ ಬೇಕೆಂದು ಮನಸ್ಸಿಟ್ಟು ಬಂದವರನ್ನು ಕಂಡಿದ್ದೇನೆ. ಈಗಾಗಲೇ ಇಬ್ಬರು ಮಕ್ಕಳಿರುವುದರಿಂದ ನಿಯಮದ ಪ್ರಕಾರ ಸಾಮಾನ್ಯ ಪಟ್ಟಿ ಸಿಗದೆ ಈ ಕಡೆ ಬಂದವರಿದ್ದಾರೆ. ಸಾಮಾನ್ಯ ಪಟ್ಟಿಯಲ್ಲಿ ಕಾಯುವುದು ಮೂರು ವರ್ಷ ದಾಟುತ್ತದೆ ಎಂದು ಇತ್ತ ತಿರುಗಿದವರೂ ಇದ್ದಾರೆ. ನಾನು ಯಾರನ್ನೂ ತೂಗುವುದಿಲ್ಲ. ನೀವು ಯಾವ ಕಾರಣಕ್ಕೆ ಬಂದಿರಿ ಅನ್ನುವುದು ಮಗುವಿನ ಕಿವಿಗೆ ಗೊತ್ತಾಗುವುದಿಲ್ಲ.

ಈಗ ತಟ್ಟೆಯ ವಿಷಯ. ದಯವಿಟ್ಟು ಸ್ವಲ್ಪ ನಿಧಾನವಾಗಿ ಓದಿ, ಎಲ್ಲರೂ ಎಡವುವುದು ಇಲ್ಲೇ.

ನಾವು ಎದುರು ಬದುರು ಕೂತು ಆಡುವ ಮಾತಿನ ಸದ್ದು ಸುಮಾರು 60 ಡೆಸಿಬಲ್. ಸ್ಟೀಲ್ ತಟ್ಟೆಗೆ ಸೌಟಿನಿಂದ ಬಡಿದರೆ ಅದು ಅದಕ್ಕಿಂತ ಎಷ್ಟೋ ಜೋರು. ಮಧ್ಯಮ ಪ್ರಮಾಣದ ಶ್ರವಣದೋಷ ಇರುವ ಮಗುವಿಗೆ ತಟ್ಟೆ ಕೇಳಿಸುತ್ತದೆ, ಕುಕ್ಕರ್ ಸೀಟಿಯೂ ಕೇಳಿಸುತ್ತದೆ, ನಿಮ್ಮ ಮಾತು ಮಾತ್ರ ಸರಿಯಾಗಿ ಕೇಳಿಸುವುದಿಲ್ಲ. ಬಾಗಿಲು ದಡ್ ಎಂದರೆ ನೆಲ ಅದುರುತ್ತದೆ, ಆ ಅದುರು ಮಗುವಿನ ಕಾಲಿಗೆ ಗೊತ್ತಾಗುತ್ತದೆ. ಗಣಪತಿ ಮೆರವಣಿಗೆಯಲ್ಲಿ ತಮಟೆಗೆ ಕುಣಿಯುತ್ತಾನೆ ಎಂದು ಮೊಬೈಲಿನಲ್ಲಿ ವಿಡಿಯೋ ತೋರಿಸುತ್ತಾರೆ. ತಮಟೆ ಎದೆಗೇ ಬಡಿಯುತ್ತದೆ. ಏನೂ ಕೇಳಿಸದ ಮಕ್ಕಳೂ ತಮಟೆಗೆ ಚೆನ್ನಾಗಿ ಕುಣಿಯುತ್ತಾರೆ. ಇನ್ನು, ಹಿಂದಿನಿಂದ ಒಬ್ಬರು ತಟ್ಟೆ ಬಡಿಯುವಾಗ ಮುಂದೆ ಕೂತ ಅಮ್ಮನ ಕಣ್ಣು ಎಲ್ಲಿ ಹೋಗುತ್ತದೆ? ತಟ್ಟೆಯ ಕಡೆಗೆ. ಮಗು ಅಮ್ಮನ ಕಣ್ಣು ನೋಡಿ ತಿರುಗುತ್ತದೆ. ನೀವು ಪರೀಕ್ಷಿಸಿದ್ದು ಅದರ ಕಣ್ಣನ್ನು. ಅದರಲ್ಲಿ ಮಗು ಪಾಸು.

ಜೋರು ಒಂದೇ ಲೆಕ್ಕವಲ್ಲ, ಸದ್ದು ದಪ್ಪವೋ ಕೀಚಲೋ (ಅದರ ಆವರ್ತನ, ಹರ್ಟ್ಸ್‌ನಲ್ಲಿ ಅಳೆಯುವುದು) ಅನ್ನುವುದೂ ಇದೆ. ಅ, ಆ, ಉ ತರಹದ ಸ್ವರಗಳ ಬಲ ಕೆಳಗಿನ ಆವರ್ತನಗಳಲ್ಲಿರುತ್ತದೆ. ಸ್, ಶ್ ತರಹದ ಸದ್ದುಗಳು 4,000 ಹರ್ಟ್ಸ್ ಆಸುಪಾಸಿನಲ್ಲಿ, ಅದಕ್ಕೂ ಮೇಲೆ. ಜೊತೆಗೆ ಅವು ಸ್ವರಗಳಿಗಿಂತ ಬಹಳ ಮೆಲ್ಲಗೆ. ಎಷ್ಟೋ ಮಕ್ಕಳಿಗೆ ಕೆಳಗಿನದು ಚೆನ್ನಾಗಿ, ಮೇಲಿನದು ಕಡಿಮೆ ಕೇಳಿಸುತ್ತದೆ. ಅಂಥ ಮಗುವನ್ನು ಹೆಸರು ಹಿಡಿದು ಕೂಗಿದರೆ ತಿರುಗುತ್ತದೆ, ಏಕೆಂದರೆ ಹೆಸರಿನ ರಾಗ ಕೇಳಿಸಿತು. ಆದರೆ ಅಪ್ಪ, ಅಕ್ಕ, ಅಜ್ಜ, ಇವುಗಳ ನಡುವೆ ವ್ಯತ್ಯಾಸ ಇರುವುದೇ ಮಧ್ಯದ ಆ ಪುಟ್ಟ ವ್ಯಂಜನದಲ್ಲಿ. ಅದು ಕೇಳಿಸದಿದ್ದರೆ ಮನೆಯವರೆಲ್ಲ ಒಂದೇ ಹೆಸರಿನವರು. 'ಅಪ್ಪ' ಒಂದನ್ನು ತುಟಿ ನೋಡಿ ಕಲಿಯಬಹುದು. ಉಳಿದದ್ದು ಬಾಯೊಳಗೇ ನಡೆಯುತ್ತದೆ, ಹೊರಗೆ ಕಾಣುವುದಿಲ್ಲ. "ಅಪ್ಪ ಅಂತಾನೆ ಮೇಡಂ, ಅಕ್ಕನ್ನೂ ಅಪ್ಪ ಅಂತಾನೆ, ತುಂಟ" ಎಂದು ನಗುತ್ತಾ ಹೇಳಿದ ತಾಯಂದಿರಿದ್ದಾರೆ. ಅದು ತುಂಟತನ ಇದ್ದರೂ ಇರಬಹುದು. ಪರೀಕ್ಷೆ ಮಾಡದೆ ನಾನು ಹಾಗೂ ಹೇಳಲಾರೆ, ಹೀಗೂ ಹೇಳಲಾರೆ. ನೀವೂ ಹೇಳಬಾರದು ಅನ್ನುವುದಷ್ಟೇ ನನ್ನ ಜಗಳ.

"ಹೇಳಿದ್ದೆಲ್ಲ ಅರ್ಥ ಆಗುತ್ತೆ" ಅನ್ನುವುದು ಮುಂದಿನ ವಾದ. ಸಂಸ್ಥೆಯಲ್ಲಿ ಬೆಳೆದ ಮಗುವಿನ ಜಾಣತನವನ್ನು ನೀವು ಕಡಿಮೆ ಅಂದಾಜು ಮಾಡಿದ್ದೀರಿ. ಅಲ್ಲಿ ಎಲ್ಲವೂ ಹೊತ್ತಿಗೆ ಸರಿಯಾಗಿ ನಡೆಯುತ್ತದೆ. ಉಳಿದ ಮಕ್ಕಳು ಸಾಲು ನಿಂತರೆ ಊಟ, ಬಟ್ಟೆ ಕಳಚಿದರೆ ಸ್ನಾನ, ದೀಪ ಆರಿದರೆ ನಿದ್ದೆ. ಪಕ್ಕದವರನ್ನು ನೋಡಿ ನಡೆದುಕೊಂಡರೆ ಕಿವಿಯ ಕೆಲಸ ಅರ್ಧಕ್ಕರ್ಧ ಉಳಿಯುತ್ತದೆ. ಆ ಅಭ್ಯಾಸ ನಿಮ್ಮ ಮನೆಗೂ ಬರುತ್ತದೆ. ನೀವು ಬ್ಯಾಗ್ ಹೆಗಲಿಗೆ ಹಾಕಿದರೆ ಮಗು ಚಪ್ಪಲಿ ಹಾಕಿಕೊಳ್ಳುತ್ತದೆ. ಒಂದು ಕೆಲಸ ಮಾಡಿ. ಮಗು ಆಟದಲ್ಲಿದ್ದಾಗ, ನಿಮ್ಮ ಬಾಯಿ ಅದಕ್ಕೆ ಕಾಣದಂತೆ, ಕೈ ತೋರಿಸದೆ, ಆ ವಸ್ತುವಿನ ಕಡೆ ನೋಡದೆ, ಯಾವತ್ತೂ ಹೇಳದ ಹೊತ್ತಿನಲ್ಲಿ "ಬಾಚಣಿಗೆ ತಗೊಂಡ್ ಬಾ" ಅನ್ನಿ. ಮಾಮೂಲಿ ದನಿಯಲ್ಲಿ. ತಂದರೆ ಸಂತೋಷ. ತರದಿದ್ದರೆ ಕಿವಿ ಕೇಳಿಸುವುದಿಲ್ಲ ಎಂದೇ ಅರ್ಥವಲ್ಲ, ಬೇರೆ ಕಾರಣಗಳೂ ಇರುತ್ತವೆ. ಆದರೆ ಆಮೇಲೆ ಕಾಯುತ್ತಾ ಕೂರಬೇಡಿ.

ನಮ್ಮ ಜಿಲ್ಲೆಯಲ್ಲಿ ಇನ್ನೊಂದು ನೆಪವೂ ಕೈಗೆ ಸಿದ್ಧವಾಗಿದೆ, ಭಾಷೆಯದು. ಬಾಗೇಪಲ್ಲಿ, ಚಿಂತಾಮಣಿ ಕಡೆ ಮನೆಯಲ್ಲಿ ತೆಲುಗು, ಅಂಗನವಾಡಿಯಲ್ಲಿ ಕನ್ನಡ. ಮಗು ಬೇರೆ ರಾಜ್ಯದಿಂದ ಬಂದಿದ್ದರಂತೂ ಮೂರು ಭಾಷೆ, "ಗೊಂದಲ ಆಗಿದೆ" ಎಂದು ಓದಿದವರೇ ಹೇಳುತ್ತಾರೆ. ಇಲ್ಲಿನ ಸಾವಿರಾರು ಮಕ್ಕಳು ಎರಡು ಭಾಷೆಯಲ್ಲೇ ಬೆಳೆದು ಎರಡರಲ್ಲೂ ಜಗಳ ಆಡುತ್ತಾರೆ. ಎರಡು ಭಾಷೆ ಕೇಳಿದ ಮಾತ್ರಕ್ಕೆ ಮಾತು ನಿಲ್ಲುವುದಿಲ್ಲ. ಚಿಕ್ಕ ವಯಸ್ಸಿನಲ್ಲಿ ಭಾಷೆ ಬದಲಾದ ಮಗು ಕೆಲವು ತಿಂಗಳಲ್ಲಿ ಹೊಸದನ್ನು ಅರ್ಥ ಮಾಡಿಕೊಳ್ಳಲು ಶುರು ಮಾಡಬೇಕು. ಮಾತು ತಡವಾದರೂ ಅರ್ಥವಾಗುವುದು ಮುಂದೆ ಸಾಗುತ್ತಿರಬೇಕು. ಅದೂ ಸಾಗದಿದ್ದರೆ ಭಾಷೆಯನ್ನು ಬೈಯಬೇಡಿ.

ಶಿಡ್ಲಘಟ್ಟದ ಒಂದು ರೀಲರ್ ಕುಟುಂಬ. ಗೂಡು ಬೇಯಿಸಿ ನೂಲು ತೆಗೆಯುವ ಮನೆ, ಬೆಳಿಗ್ಗೆಯಿಂದ ಯಂತ್ರದ ಸದ್ದು. ಅವರು ತಂದುಕೊಂಡ ಹುಡುಗಿಗೆ ಸೀಳು ಅಂಗುಳ ಇತ್ತು, ವರದಿಯಲ್ಲಿ 'ಶಸ್ತ್ರಚಿಕಿತ್ಸೆ ಆಗಿದೆ' ಎಂದಿತ್ತು. ಆಪರೇಷನ್ ಆಗಿದೆ ಎಂದರೆ ಮುಗಿಯಿತು ಎಂದುಕೊಂಡರು. ಮೂರು ದಾಟಿದರೂ ನಾಲ್ಕೈದು ಪದ, ಅದೂ ಮೂಗಿನಲ್ಲಿ. ನನ್ನ ಹತ್ತಿರ ಬಂದಾಗ ಅಜ್ಜಿಯೂ ಜೊತೆಗಿದ್ದರು. ನಾನು ಪ್ರಶ್ನೆ ಕೇಳುತ್ತಿದ್ದಂತೆ ಅಜ್ಜಿ ತೆಲುಗಿನಲ್ಲಿ, "ವಸ್ತಾಯಿ ಲೇಮ್ಮಾ (ಬರುತ್ತವೆ ಬಿಡಮ್ಮಾ), ಇವಳಪ್ಪನಿಗೂ ಮಾತು ತಡವಾಗೇ ಬಂದಿದ್ದು" ಎಂದು ನನ್ನನ್ನೇ ಸಮಾಧಾನ ಮಾಡಿದರು. ದತ್ತು ತಂದ ಮಗು ಅನ್ನುವುದೇ ಆಕೆಗೆ ಮರೆತುಹೋಗಿತ್ತು. ಸೊಸೆ ತಲೆ ತಗ್ಗಿಸಿ ನಕ್ಕರು. ಅಂಥ ಅಜ್ಜಿ ಸಿಕ್ಕಿದ್ದು ಆ ಹುಡುಗಿಯ ಪುಣ್ಯ. ಆದರೆ ಅಜ್ಜಿ ಕೊಟ್ಟ ಮಾಹಿತಿ ನನಗೆ ಮೂರು ಕಾಸಿನ ಉಪಯೋಗಕ್ಕೂ ಬರಲಿಲ್ಲ.

ಅಂಗುಳ ಸೀಳಿರುವ ಮಕ್ಕಳಲ್ಲಿ ಮೂಗಿನ ಹಿಂಬದಿಯಿಂದ ಕಿವಿಗೆ ಗಾಳಿ ಹೋಗುವ ನಾಳವನ್ನು ತೆರೆಯುವ ಸ್ನಾಯು ಸರಿಯಾಗಿ ಕೆಲಸ ಮಾಡುವುದಿಲ್ಲ. ಕಿವಿಯ ತಮಟೆಯ ಹಿಂದೆ ದ್ರವ ಕಟ್ಟುತ್ತದೆ. ಬಹುತೇಕ ಎಲ್ಲರಲ್ಲೂ ಒಂದಲ್ಲ ಒಂದು ಹೊತ್ತಿನಲ್ಲಿ ಹೀಗಾಗುತ್ತದೆ, ಅಂಗುಳ ಹೊಲಿದ ಮೇಲೂ ಆಗಬಹುದು. ನೋವಿಲ್ಲ, ಕಿವಿ ಸೋರುವುದಿಲ್ಲ, ಹೊರಗೆ ಏನೂ ಕಾಣುವುದಿಲ್ಲ. ಮಗುವಿಗೆ ಮಾತು ಕೇಳಿಸುವುದು ಕೆರೆಯಲ್ಲಿ ಮುಳುಗಿದವರಿಗೆ ದಡದವರ ಮಾತು ಕೇಳಿಸಿದ ಹಾಗೆ. ಈ ಹುಡುಗಿಗೆ ಎರಡೂ ಕಿವಿಯಲ್ಲಿ ದ್ರವ. ಇಎನ್‌ಟಿ ಡಾಕ್ಟರು ತಮಟೆಯಲ್ಲಿ ಪುಟ್ಟ ಕೊಳವೆ ಕೂರಿಸಿದರು. ಕೆಲವು ವಾರ ಕಳೆದು ಬಂದ ತಾಯಿಯದು ದೂರು: "ಮೇಡಂ, ಈಗ ನೂಲಿನ ಮಷೀನ್ ಹಾಕಿದ್ರೆ ಕಿವಿ ಮುಚ್ಕೊಂಡು ಕಿರುಚ್ತಾಳೆ, ಕೆಲಸ ಮಾಡಕ್ಕೇ ಬಿಡಲ್ಲ." ನನಗೆ ಬಂದ ದೂರುಗಳಲ್ಲಿ ಇಷ್ಟು ಸಂತೋಷ ಕೊಟ್ಟದ್ದು ಕಡಿಮೆ. ಮೂಗಿನ ಮಾತಿಗೆ ಥೆರಪಿ ಇನ್ನೂ ನಡೆಯುತ್ತಿದೆ, ಸಮಯ ಹಿಡಿಯುತ್ತದೆ.

ಎಲ್ಲರ ಕಥೆ ಹೀಗೆ ಕೊಳವೆಯಲ್ಲಿ ಮುಗಿಯುವುದಿಲ್ಲ. ನರದ ದೋಷವಾದರೆ ಕಿವಿ ಮಷೀನ್ ಬೇಕು, ತೀವ್ರವಾಗಿದ್ದರೆ ಕಾಕ್ಲಿಯರ್ ಇಂಪ್ಲಾಂಟ್, ಅಂದರೆ ಆಪರೇಷನ್ ಮಾಡಿ ಒಳಗಿವಿಗೆ ಕೂರಿಸುವ ಸಾಧನ. ಇಂಪ್ಲಾಂಟಿನ ಲಾಭ ಮೂರು, ಮೂರೂವರೆ ವರ್ಷದೊಳಗೆ ಹೆಚ್ಚು. ಸರಕಾರಿ ಯೋಜನೆಗಳಿಗೂ ವಯಸ್ಸಿನ ಮಿತಿ ಇದೆ. ಹುಟ್ಟಿದ ಒಂದು ತಿಂಗಳೊಳಗೆ ಕಿವಿ ತಪಾಸಣೆ, ಮೂರು ತಿಂಗಳೊಳಗೆ ಖಚಿತ, ಆರು ತಿಂಗಳೊಳಗೆ ಚಿಕಿತ್ಸೆ ಶುರು ಎನ್ನುವುದು ಜಗತ್ತಿನೆಲ್ಲೆಡೆ ಒಪ್ಪಿದ ಗುರಿ. ನಿಮ್ಮ ಕೈಗೆ ಮಗು ಬರುವುದೇ ಎರಡು ವರ್ಷಕ್ಕೆ. ಅದರ ಮೇಲೆ "ಹೊಂದಿಕೊಳ್ಳಲಿ" ಎಂದು ಇನ್ನೊಂದೂವರೆ ವರ್ಷ ಸೇರಿಸಿದರೆ ನಾನೇನು ಮಾಡಲಿ?

ದತ್ತು ಮಕ್ಕಳ ವಿಷಯದಲ್ಲಿ ನಾನು ಇಷ್ಟು ಹಟ ಹಿಡಿಯಲು ಕಾರಣವಿದೆ. ಬೇರೆ ಮಗುವಾದರೆ ಕೇಳುತ್ತೇನೆ: ತಿಂಗಳು ತುಂಬಿ ಹುಟ್ಟಿದ್ದಾ? ಗಾಜಿನ ಪೆಟ್ಟಿಗೆಯಲ್ಲಿ ಎಷ್ಟು ದಿನ ಇತ್ತು? ಕಾಮಾಲೆ ಜೋರಾಗಿತ್ತಾ? ಸೋಂಕಿಗೆ ಇಂಜೆಕ್ಷನ್ ಕೊಟ್ಟಿದ್ದರಾ? ಸೋದರ ಸಂಬಂಧದ ಮದುವೆಯಾ? ಮನೆತನದಲ್ಲಿ ಕಿವಿ ಕೇಳಿಸದವರಿದ್ದಾರಾ? ಕಿವಿಯ ನರಕ್ಕೆ ಪೆಟ್ಟು ಬೀಳಬಹುದಾದ ದಾರಿಗಳಿವು. ನಿಮ್ಮ ಮಗುವಿನ ವಿಷಯದಲ್ಲಿ ಹೆಚ್ಚಿನವಕ್ಕೆ ಉತ್ತರವೇ ಇಲ್ಲ. ಉತ್ತರ ಇಲ್ಲ ಎಂದರೆ ಅಪಾಯ ಇಲ್ಲ ಎಂದಲ್ಲ. ಗರ್ಭದಲ್ಲಿ ತಗುಲಿದ ಕೆಲವು ಸೋಂಕುಗಳಲ್ಲಿ ಹುಟ್ಟಿದಾಗ ಚೆನ್ನಾಗಿದ್ದ ಕಿವಿ ಆಮೇಲೆ ಕುಂದುವುದೂ ಉಂಟು, ಹಾಗಾಗಿ ಹಸುಗೂಸಿನಲ್ಲಿ ಪಾಸಾದ ಚೀಟಿ ಶಾಶ್ವತವಲ್ಲ. ಡೌನ್ ಸಿಂಡ್ರೋಮ್ (ವರ್ಣತಂತುವಿನ ವ್ಯತ್ಯಾಸದಿಂದ ಹುಟ್ಟಿನಿಂದಲೇ ಬರುವ ಸ್ಥಿತಿ) ಇದ್ದರಂತೂ ಕಿವಿಯನ್ನು ಮತ್ತೆ ಮತ್ತೆ ನೋಡಿಸುತ್ತಿರಬೇಕು. "ಅದರಿಂದಲೇ ಮಾತು ತಡ" ಎಂದು ಎಲ್ಲವನ್ನೂ ಸಿಂಡ್ರೋಮಿನ ಖಾತೆಗೆ ಬರೆದುಬಿಡುತ್ತಾರೆ, ಕಿವಿಯ ದ್ರವ ಹಾಗೇ ಉಳಿಯುತ್ತದೆ.

ಒಪ್ಪಿಗೆ ಕೊಡುವ ಮೊದಲು ಮಗುವಿನ ವೈದ್ಯಕೀಯ ವರದಿಯನ್ನು ನಿಮಗೆ ಬೇಕಾದ ವೈದ್ಯರಿಗೆ ತೋರಿಸುವ ಅವಕಾಶ ಇದೆ. ತೋರಿಸುವಾಗ 'ಕಿವಿ: ಸಹಜ' ಎಂದಿದ್ದರೆ ಹೇಗೆ ನೋಡಿ ಬರೆದದ್ದು ಎಂದು ಕೇಳಿ. ಟಾರ್ಚ್ ಹಾಕಿ ನೋಡಿದರೆ ಕಿವಿಯ ಆಕಾರ ಗೊತ್ತಾಗುತ್ತದೆ, ಕೇಳಿಸುತ್ತದೋ ಇಲ್ಲವೋ ಗೊತ್ತಾಗುವುದಿಲ್ಲ. ಇದನ್ನು ಮಗುವನ್ನು ಬೇಡ ಅನ್ನಲು ಹೇಳುತ್ತಿಲ್ಲ. ಮನೆಗೆ ಬಂದ ಮೊದಲ ತಿಂಗಳಲ್ಲೇ ಎಲ್ಲಿಗೆ ಹೋಗಬೇಕು ಎಂದು ಗೊತ್ತಿರಲಿ ಅಂತ.

ಇನ್ನೊಂದು ಹೆದರಿಕೆ ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ದತ್ತು ಆದ ಮೇಲೆ ಎರಡು ವರ್ಷ, ಆರು ತಿಂಗಳಿಗೊಮ್ಮೆ ಮನೆಗೆ ಬಂದು ವಿಚಾರಿಸುತ್ತಾರಲ್ಲ, ಆಗ ತೊಂದರೆ ಹೇಳಿದರೆ ಮಗುವನ್ನು ವಾಪಸ್ ಕರೆದುಕೊಂಡು ಹೋಗಿಬಿಟ್ಟರೆ? ಆ ಭಯಕ್ಕೆ "ಎಲ್ಲ ಚೆನ್ನಾಗಿದೆ" ಎಂದು ಕಾಫಿ ಕೊಟ್ಟು ಕಳಿಸುತ್ತಾರೆ. ಆದೇಶ ಆದ ಮೇಲೆ ಮಗು ನಿಮ್ಮದು. ಕಿವಿ ಕೇಳಿಸುವುದಿಲ್ಲ ಎಂದು ತಿಳಿದ ಕಾರಣಕ್ಕೆ ಯಾರೂ ಅದನ್ನು ಕಿತ್ತುಕೊಂಡು ಹೋಗುವುದಿಲ್ಲ. ಬಂದವರಿಗೆ ಹೇಳಿ, ಆಸ್ಪತ್ರೆಯ ದಾರಿ ತೋರಿಸಿಯಾರು.

ಮಷೀನ್ ಹಾಕಿದ ಮೇಲೂ ನನ್ನ ಜಗಳ ಮುಗಿಯುವುದಿಲ್ಲ. ಎದ್ದಾಗಿನಿಂದ ಮಲಗುವವರೆಗೆ ಹಾಕಿರಬೇಕು ಎಂದು ಎಷ್ಟು ಹೇಳಿದರೂ ಜಾತ್ರೆ, ಮದುವೆಗೆ ಹೋಗುವಾಗ ತೆಗೆದಿಟ್ಟು ಹೋಗುತ್ತಾರೆ. ನೆಂಟರು ಕೇಳುತ್ತಾರಂತೆ. ಗೌರಿಬಿದನೂರಿನ ಒಬ್ಬ ತಂದೆ, ಅಂಗಡಿ ನಡೆಸುವವರು, ಇದಕ್ಕೆ ತಮ್ಮದೇ ದಾರಿ ಹುಡುಕಿದರು. ಯಾರಾದರೂ "ಇದೇನು ಕಿವೀಲಿ?" ಎಂದರೆ ಮಷೀನನ್ನು ಬಿಚ್ಚಿ ಕೇಳಿದವರ ಕಿವಿಗೇ ಹಿಡಿಯುತ್ತಿದ್ದರು. ನೈರ್ಮಲ್ಯದ ದೃಷ್ಟಿಯಿಂದ ನಾನು ಇದನ್ನು ಶಿಫಾರಸು ಮಾಡಲಾರೆ. ಪ್ರಶ್ನೆಗಳು ಮಾತ್ರ ನಿಂತವಂತೆ. ಅದೇ ಮನುಷ್ಯ ಮಗಳು ಹೇಳಿದ ಪ್ರತಿ ಹೊಸ ಪದವನ್ನು ಸಾಲದ ಪುಸ್ತಕದ ಕೊನೆಯ ಹಾಳೆಗಳಲ್ಲಿ ಬರೆದಿಡುತ್ತಿದ್ದರು. ನನಗೆ ಬೇಕಾದ ದಾಖಲೆ ಅಂಥದ್ದು. "ಪರವಾಗಿಲ್ಲ, ಚೆನ್ನಾಗಿ ಮಾತಾಡ್ತಾಳೆ" ಎಂದರೆ ನನಗೇನೂ ತಿಳಿಯುವುದಿಲ್ಲ.

ಪರೀಕ್ಷೆಗೆ ಬರುವವರಿಗೆ ಒಂದು ಮಾತು. ಚಿಕ್ಕ ಮಕ್ಕಳಿಗೆ ಮಾಡುವ ಬೆರಾ ಪರೀಕ್ಷೆಯಲ್ಲಿ ಹಣೆಗೆ, ಕಿವಿಯ ಹಿಂದೆ ತಂತಿ ಅಂಟಿಸಿ, ಕಿವಿಗೆ ಸದ್ದು ಕಳಿಸಿ, ಮಿದುಳು ಕೊಡುವ ಉತ್ತರವನ್ನು ದಾಖಲಿಸುತ್ತೇವೆ. ನೋವಿಲ್ಲ, ಆದರೆ ಮಗು ನಿದ್ದೆಯಲ್ಲಿರಬೇಕು. ಹಿಂದಿನ ರಾತ್ರಿ ತಡವಾಗಿ ಮಲಗಿಸಿ, ಬೆಳಿಗ್ಗೆ ಬೇಗ ಎಬ್ಬಿಸಿ, ಎಣ್ಣೆ ಹಚ್ಚದೆ ತಲೆ ತೊಳೆದು ಕರೆತನ್ನಿ. ಬಸ್ಸಿನಲ್ಲಿ ಮಾತ್ರ ಮಲಗಲು ಬಿಡಬೇಡಿ. ಬಾಗೇಪಲ್ಲಿಯಿಂದ ಇಲ್ಲಿಯವರೆಗೆ ಗಡದ್ದಾಗಿ ನಿದ್ದೆ ಮಾಡಿ, ನನ್ನ ಕೋಣೆಗೆ ಬಂದ ಮೇಲೆ ಮೇಜು ಹತ್ತುವ ಮಕ್ಕಳೇ ಹೆಚ್ಚು. ಕಿಟಕಿ ಪಕ್ಕ ಕೂರಿಸಿ, ದಾರಿಯುದ್ದಕ್ಕೂ ದ್ರಾಕ್ಷಿ ತೋಟ, ಲಾರಿ, ಹಸು ತೋರಿಸುತ್ತಾ ಬನ್ನಿ. ಹಾಲು ಕುಡಿಸುವುದನ್ನು ಇಲ್ಲಿಗೆ ಬಂದ ಮೇಲೆ ಇಟ್ಟುಕೊಳ್ಳಿ. ನಿದ್ದೆಯ ಔಷಧಿ ಬೇಕಾಗಬಹುದು ಎಂದು ಡಾಕ್ಟರು ಮೊದಲೇ ಹೇಳಿದ್ದರೆ ಮಾತ್ರ, ಹಾಲು ಊಟದ ವಿಷಯದಲ್ಲಿ ಅವರು ಹೇಳಿದಂತೆ ಮಾಡಿ.