ನೇಮಕಾತಿ ಸಿಕ್ಕಿತು, ಪಾತ್ರ ಸಿಗಲಿಲ್ಲ

ಪ್ರಶ್ನೆ: ರಿಯೊ ಡಿ ಜನೈರೊದ ಮುನಿಸಿಪಲ್ ರಂಗಮಂದಿರದ ಮೊದಲ ಕಪ್ಪು ವರ್ಣೀಯ ಬ್ಯಾಲೆ ನರ್ತಕಿ ಮೆರ್ಸೆಡೆಸ್ ಬಾಪ್ಟಿಸ್ಟಾ ಎಂದು ಒಂದು ಕಡೆ ಓದಿದೆ. ಅಲ್ಲಿ ಅವರು ಕುಣಿದದ್ದೇ ಅಪರೂಪ ಎಂದು ಇನ್ನೊಂದು ಕಡೆ ಇತ್ತು. ಯಾವುದನ್ನು ನಂಬಬೇಕು?

ಉತ್ತರ: ಎರಡನ್ನೂ ನಂಬಬಹುದು. 1948ರಲ್ಲಿ ಅವರು ಆಯ್ಕೆಯ ಸುತ್ತುಗಳನ್ನು ದಾಟಿ ಆ ರಂಗಮಂದಿರದ ಬ್ಯಾಲೆ ತಂಡ ಸೇರಿದರು. ಸಂಬಳ ಬಂತು, ಅಭ್ಯಾಸಕ್ಕೆ ಜಾಗ ಸಿಕ್ಕಿತು. ಪಾತ್ರ ಹಂಚುವ ಹೊತ್ತಿಗೆ ಮಾತ್ರ ಅವರ ಹೆಸರು ಯಾರಿಗೂ ನೆನಪಾಗುತ್ತಿರಲಿಲ್ಲ. ಬ್ರೆಜಿಲ್‌ನ ವರ್ಣಭೇದವೇ ಹಾಗೆ. ‘ಕಪ್ಪು ಜನರಿಗೆ ಪ್ರವೇಶವಿಲ್ಲ’ ಎಂಬ ಫಲಕವನ್ನು ಅಲ್ಲಿ ಯಾರೂ ತೂಗುಹಾಕಲಿಲ್ಲ. ಒಳಗೆ ಕರೆದು, ಸುಮ್ಮನೆ ಕೂರಿಸಿದರು.

1921ರಲ್ಲಿ ಕಾಂಪೋಸ್ ಎಂಬ ಊರಿನ ಬಡ ಕುಟುಂಬದಲ್ಲಿ ಹುಟ್ಟಿದ ಮೆರ್ಸೆಡೆಸ್ ರಿಯೊದಲ್ಲಿ ಮನೆಗೆಲಸ ಮಾಡಿದವರು, ಸಿನಿಮಾ ಮಂದಿರದಲ್ಲಿ ಟಿಕೆಟ್ ಮಾರಿದವರು. ನೃತ್ಯದ ಮೊದಲ ಪಾಠ ಎರೋಸ್ ವೊಲೂಸಿಯಾ ಅವರಿಂದ. ಬ್ಯಾಲೆಯ ಜೊತೆಗೆ ಜನಪದ ಕುಣಿತಗಳನ್ನೂ ಕಲಿಸುತ್ತಿದ್ದ ಗುರು ಸಿಕ್ಕಿದ್ದು ಅದೃಷ್ಟವೆನ್ನಬೇಕು. ಅಬ್ದಿಯಾಸ್ ದೊ ನಾಸಿಮೆಂಟೊ ಕಟ್ಟಿದ ಕಪ್ಪು ಕಲಾವಿದರ ಪ್ರಾಯೋಗಿಕ ರಂಗತಂಡದ ಒಡನಾಟವೂ ಅವರಿಗಿತ್ತು.

1950ರಲ್ಲಿ ಅಮೆರಿಕದ ನೃತ್ಯ ಸಂಯೋಜಕಿ ಕ್ಯಾಥರೀನ್ ಡನ್‌ಹ್ಯಾಮ್ ತಮ್ಮ ತಂಡದೊಂದಿಗೆ ಬ್ರೆಜಿಲ್‌ಗೆ ಬಂದರು. ಸಾವೊ ಪಾಲೊದ ಎಸ್ಪ್ಲನಾಡಾ ಹೋಟೆಲ್ ಕಪ್ಪು ವರ್ಣೀಯರೆಂಬ ಕಾರಣಕ್ಕೆ ಅವರಿಗೆ ಕೋಣೆ ಕೊಡಲಿಲ್ಲ. ದೊಡ್ಡ ಗಲಾಟೆಯೇ ಆಯಿತು. ಮರುವರ್ಷ, ಜನಾಂಗ ತಾರತಮ್ಯಕ್ಕೆ ಶಿಕ್ಷೆ ವಿಧಿಸುವ ದೇಶದ ಮೊದಲ ಕಾನೂನು ಬಂತು. ಇದೇ ಡನ್‌ಹ್ಯಾಮ್ ಮೆರ್ಸೆಡೆಸ್‌ರನ್ನು ಗುರುತಿಸಿ, ವಿದ್ಯಾರ್ಥಿವೇತನ ಕೊಟ್ಟು ನ್ಯೂಯಾರ್ಕಿನ ತಮ್ಮ ಶಾಲೆಗೆ ಕರೆಸಿಕೊಂಡರು. ಹೈಟಿಯಂಥ ದ್ವೀಪಗಳ ಆಫ್ರಿಕಾ ಮೂಲದ ಕುಣಿತಗಳನ್ನು ಅಧ್ಯಯನ ಮಾಡಿ, ಅವುಗಳಿಂದಲೇ ಒಂದು ಶಿಸ್ತುಬದ್ಧ ಪಾಠಕ್ರಮ ಕಟ್ಟಿದ್ದವರು ಡನ್‌ಹ್ಯಾಮ್. ಮೆರ್ಸೆಡೆಸ್ ಅಲ್ಲಿಂದ ತಂದದ್ದು ಹೆಜ್ಜೆಗಳಿಗಿಂತ ಹೆಚ್ಚಾಗಿ ಈ ವಿಧಾನವನ್ನು.

ಊರಿಗೆ ಮರಳಿದ ಮೇಲೆ ಅವರು ಕಾಂಡೊಂಬ್ಲೆ ಪೂಜೆಗಳ ಕಡೆ ತಿರುಗಿದರು. ಗುಲಾಮರಾಗಿ ಬಂದ ಆಫ್ರಿಕನ್ನರು ಉಳಿಸಿಕೊಂಡ ಆರಾಧನೆ ಇದು. ಒರಿಷಾ ಎಂಬ ದೇವತೆಗಳು ಭಕ್ತರ ಮೈಮೇಲೆ ಬಂದು ಕುಣಿಯುತ್ತವೆ, ಒಂದೊಂದಕ್ಕೂ ಅದರದೇ ತಾಳ, ಅದರದೇ ಚಲನೆ. ನಮ್ಮ ಕರಾವಳಿಯಲ್ಲಿ ಭೂತಕೋಲ ಕಂಡವರಿಗೆ ಹೆಚ್ಚು ವಿವರಿಸಬೇಕಿಲ್ಲ. ಸ್ವತಃ ನರ್ತಕನೆಂದು ಹೆಸರಾಗಿದ್ದ ಅರ್ಚಕ ಜೊವಾಂಜಿನ್ಯೊ ದಾ ಗೊಮೆಯಾ ಅವರಿಂದ ಕಲಿತದ್ದನ್ನು ಮೆರ್ಸೆಡೆಸ್ ಬ್ಯಾಲೆ ತರಗತಿಯ ಚೌಕಟ್ಟಿಗೆ ತಂದರು. ಕೈಹಿಡಿಯಲು ಅದೇ ಕಂಬಿ, ಅದೇ ಕಟ್ಟುನಿಟ್ಟು. ಆದರೆ ಪಿಯಾನೊ ಬದಲು ಚರ್ಮವಾದ್ಯ, ನೆಟ್ಟಗಿನ ಬೆನ್ನಿನ ಬದಲು ಅಲೆಯಂತೆ ಬಳುಕುವ ಮುಂಡ. 1953ರಲ್ಲಿ ತಮ್ಮ ಹೆಸರಿನಲ್ಲೇ ಒಂದು ತಂಡ ಕಟ್ಟಿ, ದಕ್ಷಿಣ ಅಮೆರಿಕ, ಯುರೋಪ್ ಸುತ್ತಿದರು. ಬ್ರೆಜಿಲ್‌ನಲ್ಲಿ ಇಂದು ‘ಆಫ್ರೊ ನೃತ್ಯ’ ಎಂದು ಕಲಿಸುವುದಕ್ಕೆ ಈ ತರಗತಿಗಳು ಒಂದು ಮುಖ್ಯ ಬುನಾದಿ. ಶಿಷ್ಯೆ ಮಾರ್ಲೀನ್ ಸಿಲ್ವಾ ಅದನ್ನು ಬೆಲೊ ಹೊರಿಜಾಂಟೆಗೆ ಒಯ್ದರು. ಹಾಗಾಗಿ ‘ಮೊದಲ ಕಪ್ಪು ಬ್ಯಾಲೆ ನರ್ತಕಿ’ ಎಂಬ ಬಿರುದು ನನಗೇಕೋ ಆ ರಂಗಮಂದಿರಕ್ಕೇ ಹೆಚ್ಚು ಗೌರವ ತರುವಂತೆ ಕಾಣುತ್ತದೆ.

ಅವರ ಕೆಲಸವನ್ನು ಊರಿಗೆ ಊರೇ ಕಂಡದ್ದು 1963ರ ಕಾರ್ನಿವಲ್‌ನಲ್ಲಿ. ಬ್ರೆಜಿಲ್‌ನ ಜನಪ್ರಿಯ ಕುಣಿತವಾದ ಸಾಂಬಾದ ತಂಡಗಳು ಮೆರವಣಿಗೆ ಹೊರಟು ಪೈಪೋಟಿ ನಡೆಸುವ ರಿಯೊದ ಹಬ್ಬ ಅದು. ಸಾಲ್ಗೇರೊ ಸಾಂಬಾ ತಂಡ ಆ ವರ್ಷ ಆರಿಸಿಕೊಂಡ ವಸ್ತು ಶಿಕಾ ದಾ ಸಿಲ್ವಾ, 18ನೇ ಶತಮಾನದಲ್ಲಿ ಗುಲಾಮಗಿರಿಯಿಂದ ಬಿಡುಗಡೆಗೊಂಡು ವಜ್ರದ ಗಣಿಗಳ ಗುತ್ತಿಗೆದಾರನ ಜೊತೆ ಸಿರಿವಂತೆಯಾಗಿ ಬಾಳಿದ ಹೆಣ್ಣು. ಮೆರ್ಸೆಡೆಸ್ ಹನ್ನೆರಡು ಜೋಡಿಗಳಿಗೆ ಯುರೋಪಿನ ಆಸ್ಥಾನಗಳ ಮಿನುಯೆಟ್ ನೃತ್ಯ ಕಲಿಸಿ, ಸಾಂಬಾ ತಾಳದ ಮೆರವಣಿಗೆಯ ನಡುವೆ ನಡೆಸಿದರು. ಕಪ್ಪು ಜನರು ದೊರೆಗಳ ವೇಷದಲ್ಲಿ ದೊರೆಗಳ ನೃತ್ಯವನ್ನೇ ಬೀದಿಯಲ್ಲಿ ಕುಣಿದರು! ಸಾಲ್ಗೇರೊ ಗೆದ್ದಿತು.

ಸಂಪ್ರದಾಯವಾದಿಗಳು ಕೆರಳಿದರು: ಸಾಂಬಾ ಮೈಯಿಂದ ತಾನಾಗಿ ಹೊಮ್ಮಬೇಕು, ಹೆಜ್ಜೆ ಎಣಿಸಿ ಕುಣಿಯುವುದಲ್ಲ ಎಂದರು. ಆ ತಕರಾರನ್ನು ನಾನು ಪೂರ್ತಿ ತಳ್ಳಿಹಾಕುವುದಿಲ್ಲ. ಇವತ್ತಿನ ಮೆರವಣಿಗೆಗಳಲ್ಲಿ ಸಂಯೋಜಿತ ಕುಣಿತ ಎಷ್ಟು ಬೆಳೆದಿದೆಯೆಂದರೆ ಮನಬಂದಂತೆ ಕುಣಿಯುವವರಿಗೆ ಜಾಗ ಕಿರಿದಾಗಿದೆ. ಆದರೆ ಅದೇ ಕಾರಣಕ್ಕೆ, ಮುನಿಸಿಪಲ್‌ನಲ್ಲಿ ಹಾಡುಹಗಲೇ ಕಾಣದಂತಿದ್ದ ನರ್ತಕಿಯ ಕೈಚಳಕ ಇಂದು ಪ್ರತಿ ವರ್ಷದ ಕಾರ್ನಿವಲ್ ನೇರಪ್ರಸಾರದಲ್ಲಿ, ಮೆರವಣಿಗೆಯ ಮುಂದಾಳು ತಂಡದಿಂದಲೇ ಕಾಣತೊಡಗುತ್ತದೆ.